ಸಂಸ್ಕೃತ ವ್ಯಾಕರಣಕ್ಕೆ ಯಾವ ಪುಸ್ತಕ? ‘ಪರಿಪಪ್ರಚ್ಛ’ದಲ್ಲಿ ಸಿಕ್ಕಿಹಾಕಿಕೊಂಡಿದ್ದೇನೆ

ಬನಶಂಕರಿ ಬಸ್ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ಬೇಜಾರು ಮಾಡಿಕೊಳ್ಳಬೇಡಿ.

ನಾನು ಹೈಸ್ಕೂಲಿನಲ್ಲಿ ಸಂಸ್ಕೃತವನ್ನು ಪ್ರಥಮ ಭಾಷೆಯಾಗಿ ತಗೊಂಡಿದ್ದೆ. ಯಾಕೆ ಅಂತ ನಿಮಗೆಲ್ಲ ಗೊತ್ತು, ಅಂಕಕ್ಕೆ. 125ಕ್ಕೆ 121 ಬಂತು. ಗೈಡಿನ ಪ್ರಶ್ನೋತ್ತರ ಬಾಯಿಪಾಠ, ‘ರಾಮಃ ರಾಮೌ ರಾಮಾಃ’ ಬಾಯಿಪಾಠ, ಅಲ್ಲಿಗೆ ಮುಗಿಯಿತು. ಈಗ ವಯಸ್ಸು 43, ಮಾಡುವುದು ಲೆಕ್ಕಪತ್ರದ ಕೆಲಸ, ಸಂಸ್ಕೃತದ ಗಾಳಿಯೂ ಬೀಸುವುದಿಲ್ಲ.

ಆರು ತಿಂಗಳ ಹಿಂದೆ ನಮ್ಮ ಅತ್ತೆ ನಮ್ಮ ಜೊತೆ ಇರೋಕೆ ಬಂದರು. ಅವರು ದಿನಾ ಬೆಳಿಗ್ಗೆ ಸಂಕ್ಷೇಪ ರಾಮಾಯಣ (ವಾಲ್ಮೀಕಿ ರಾಮಾಯಣದ ಮೊದಲ ನೂರು ಶ್ಲೋಕ) ಹೇಳಿಕೊಳ್ಳುತ್ತಾರೆ. ಒಂದು ದಿನ ಕಾಫಿ ಕುಡಿಯುವಾಗ, “ನೀವು ಸಂಸ್ಕೃತದಲ್ಲಿ ಅಷ್ಟೊಂದು ಅಂಕ ತೆಗೆದಿದ್ದಿರಂತಲ್ಲ, ಈ ‘ಪರಿಪಪ್ರಚ್ಛ’ ಅಂದರೆ ಏನು ಹೇಳಿ” ಅಂದರು. ಶಬ್ದಮಂಜರಿಯಲ್ಲಿ (ನಾಮಪದಗಳ ರೂಪ ಕೊಡುವ ಪುಸ್ತಕ) ಹುಡುಕಿದೆ, ಇಲ್ಲ. ನಿಘಂಟಿನಲ್ಲಿ ‘ಪರಿಪ’ ಅಂತ ನೋಡುತ್ತಾ ಹೋದೆ, ಇಲ್ಲ. ಮೊದಲನೇ ಶ್ಲೋಕಕ್ಕೇ ಮಾನ ಹೋಯಿತು.

ಆಮೇಲೆ ಹಠಕ್ಕೆ ಬಿದ್ದು ಒಂದು ಆನ್‌ಲೈನ್ ಕ್ಲಾಸಿಗೆ ಸೇರಿದೆ. ಎಲ್ಲಿ ಅಂತ ಹೇಳುವುದಿಲ್ಲ, ಬಿಡಿ. 4,500 ರೂಪಾಯಿ ಕಟ್ಟಿದೆ. ಮೂರು ತಿಂಗಳು ಬರೀ ಸಂಜ್ಞಾಪ್ರಕರಣ, ಅಂದರೆ ವ್ಯಾಕರಣದ ಪಾರಿಭಾಷಿಕ ಹೆಸರುಗಳ ಪಾಠ. ಇದಕ್ಕೆ ಇತ್ ಸಂಜ್ಞೆ, ಅದಕ್ಕೆ ಘಿ ಸಂಜ್ಞೆ, ಇದು ಯಾಕೆ ಅಂತ ಕೇಳಿದರೆ “ಮುಂದೆ ಬರುತ್ತದೆ”. ನಾಲ್ಕನೇ ತಿಂಗಳು ಮೇಷ್ಟ್ರೂ ಇಲ್ಲ, ವಾಟ್ಸಾಪ್ ಗುಂಪೂ ಇಲ್ಲ.

ಈಗ ಮನೆಯಲ್ಲಿರುವುದು: ಕನ್ನಡ ಲಿಪಿಯ ಒಂದು ಶಬ್ದಮಂಜರಿ, ಅವೆನ್ಯೂ ರೋಡಿನಲ್ಲಿ ಸಿಕ್ಕ ಲಘುಸಿದ್ಧಾಂತಕೌಮುದಿ (ಪಾಣಿನಿಯ ವ್ಯಾಕರಣಕ್ಕೆ ಪ್ರವೇಶ ಪುಸ್ತಕ; ಟೀಕೆ ಹಿಂದಿಯಲ್ಲಿದೆ, ನನ್ನ ಹಿಂದಿ ಸಿನಿಮಾ ಹಾಡಿನಷ್ಟೇ), ಫೋನಿನಲ್ಲಿ ವಿಟ್ನಿ ಅನ್ನುವವರು ಇಂಗ್ಲಿಷಿನಲ್ಲಿ ಬರೆದ ಸಂಸ್ಕೃತ ವ್ಯಾಕರಣದ ಪಿಡಿಎಫ್. ಮೂರನ್ನೂ ಒಂದರ ಮೇಲೊಂದು ಇಟ್ಟು ನೋಡುತ್ತಾ ಕೂತಿದ್ದೇನೆ. ನನಗೆ ಪಂಡಿತ ಆಗಬೇಕಿಲ್ಲ. ಆ ನೂರು ಶ್ಲೋಕಗಳನ್ನು ಯಾರ ಅನುವಾದವನ್ನೂ ನೋಡದೆ ನಾನೇ ಬಿಡಿಸಿಕೊಳ್ಳಬೇಕು, ಅಷ್ಟೇ. ಯಾವ ಪುಸ್ತಕದಿಂದ ಶುರು ಮಾಡಲಿ? ಕನ್ನಡ ಲಿಪಿಯಲ್ಲೇ ಓದಿದರೆ ಸಾಕಾ, ದೇವನಾಗರಿ ಬೇಕಾ?

ತುಂಗಾತೀರ

ನಿಮ್ಮ ಅತ್ತೆಯವರಿಗೆ ನನ್ನ ನಮಸ್ಕಾರ ಹೇಳಿ ಮೊದಲು. ಸರಿಯಾದ ಪದ ಹಿಡಿದು ಕೇಳಿದ್ದಾರೆ.

ನಾನು ಬ್ಯಾಂಕಿನಿಂದ ನಿವೃತ್ತಿ ಆದ ಮೇಲೆ ಕಲಿತವಳು, ಆದ್ದರಿಂದ ಪಾಠಶಾಲೆಯವರ ಹಾಗೆ ಹೇಳೋಕೆ ಬರುವುದಿಲ್ಲ. ನೀವು ಹೇಳಿದ ಮೂರು ಪುಸ್ತಕಗಳಲ್ಲಿ ಎರಡನ್ನು ಸದ್ಯಕ್ಕೆ ಅಲ್ಮೇರಾದಲ್ಲಿಡಿ. ಕೌಮುದಿಯನ್ನೂ ವಿಟ್ನಿಯನ್ನೂ. ವ್ಯಾಕರಣ ಕಲಿಯೋಕೆ ಮುಂಚೆ ಬಾಯಲ್ಲಿ ಒಂದಷ್ಟು ವಾಕ್ಯ ಇರಬೇಕು. ಇಲ್ಲದಿದ್ದರೆ ನೀವು ಕಲಿಯುವ ನಿಯಮ ಯಾವುದಕ್ಕೆ ಅನ್ವಯ ಆಗುತ್ತದೆ ಅಂತಲೇ ಗೊತ್ತಾಗುವುದಿಲ್ಲ. ಈಜು ಕಲಿಸುವ ಪುಸ್ತಕ ನೀರು ನೋಡದವನಿಗೆ ಕೊಟ್ಟ ಹಾಗೆ.

ನಾನು ಮಾಡಿದ್ದು ಹೀಗೆ. ಸಂಸ್ಕೃತ ಭಾರತಿಯವರ ಹತ್ತು ದಿನದ ಸಂಭಾಷಣ ಶಿಬಿರಕ್ಕೆ ಹೋದೆ. ಅದು ಬೆಂಗಳೂರಲ್ಲೇ 1981ರಲ್ಲಿ ಶುರುವಾದ ಚಳವಳಿ, ಗಿರಿನಗರದಲ್ಲಿ ಅವರ ‘ಅಕ್ಷರಂ’ ಇದೆ, ಪುಸ್ತಕ ಅಲ್ಲೇ ಸಿಗುತ್ತದೆ. ನೀವು ಬನಶಂಕರಿ ಕಡೆಯವರಾದರೆ ಪಕ್ಕದಲ್ಲೇ ಅಲ್ವಾ? ಆಮೇಲೆ ಅವರ ಅಂಚೆ ಕೋರ್ಸು, ಪ್ರವೇಶ, ಪರಿಚಯ, ಶಿಕ್ಷಾ, ಕೋವಿದ ಅಂತ ನಾಲ್ಕು ಹಂತ. ಕನ್ನಡ ಮಾಧ್ಯಮದಲ್ಲೇ ತಗೊಳ್ಳಿ. ಯಾಕೆ ಕನ್ನಡದಲ್ಲಿ ಅಂದರೆ, ಒಂದು ಉದಾಹರಣೆ ಕೊಡುತ್ತೇನೆ. ‘ಸ್ನಾತ್ವಾ, ಭುಕ್ತ್ವಾ, ಗತಃ’ ಅಂತ ಇದೆ ಅನ್ನಿ. ಕನ್ನಡದಲ್ಲಿ ‘ಸ್ನಾನ ಮಾಡಿ, ಉಂಡು, ಹೋದ’. ಒಂದಕ್ಕೊಂದು ಸರಿಯಾಗಿ ಕೂರುತ್ತದೆ. ‘ಗತ್ವಾ’ ಅಂದರೆ ಹೋಗಿ, ‘ಗಂತುಮ್’ ಅಂದರೆ ಹೋಗಲು, ‘ಗಚ್ಛನ್’ ಅಂದರೆ ಹೋಗುತ್ತಾ. ಇದನ್ನೇ ಇಂಗ್ಲಿಷ್ ಪುಸ್ತಕದಲ್ಲಿ ಒಂದು ಪುಟ ವಿವರಿಸಿರುತ್ತಾರೆ, ಓದಿದ ಮೇಲೂ ತಲೆಗೆ ಹೋಗುವುದಿಲ್ಲ.

ನಮಗೆ ಕಷ್ಟ ಆಗುವುದು ಬೇರೆ ಕಡೆ. ದ್ವಿವಚನ ನಮ್ಮಲ್ಲಿ ಇಲ್ಲ, ಕೈಗೆ ಬರೋಕೆ ತಿಂಗಳುಗಟ್ಟಲೆ ಬೇಕು. ಲಿಂಗ ಇನ್ನೂ ತಮಾಷೆ. ಕನ್ನಡದಲ್ಲಿ ಹೆಂಡತಿ ಅಂದರೆ ಹೆಂಗಸು, ಮುಗೀತು. ಸಂಸ್ಕೃತದಲ್ಲಿ ಹೆಂಡತಿಗೆ ‘ಭಾರ್ಯಾ’ ಸ್ತ್ರೀಲಿಂಗ, ‘ಕಲತ್ರಮ್’ ನಪುಂಸಕ, ‘ದಾರಾಃ’ ಪುಲ್ಲಿಂಗ, ಅದೂ ಯಾವಾಗಲೂ ಬಹುವಚನ! ನನ್ನ ಯಜಮಾನರಿಗೆ ಇದನ್ನು ಹೇಳಿದಾಗ ಅವರು ಬಹುವಚನ ಮಾತ್ರ ಸರಿ ಅಂದರು. ಇನ್ನೊಂದು, ನಮಗೆ ಗೊತ್ತಿರುವ ಪದ ಅಂತ ನಂಬಬೇಡಿ. ‘ಅವಸರ’ ಅಲ್ಲಿ ಸಂದರ್ಭ, ‘ಅನುಮಾನ’ ಅಂದರೆ ತರ್ಕದಿಂದ ತಿಳಿಯುವುದು, ‘ಖಂಡಿತ’ ಅಂದರೆ ತುಂಡಾದದ್ದು.

ಈಗ ನಿಮ್ಮ ಪರಿಪಪ್ರಚ್ಛ. ಶಿಬಿರದ ಒಂದು ಕೊರತೆ ಇಲ್ಲೇ ಇದೆ. ಅಲ್ಲಿ ಭೂತಕಾಲಕ್ಕೆ ‘ಗತವಾನ್, ಪಠಿತವಾನ್’ ಅಂತ ಸುಲಭದ ದಾರಿ ಕಲಿಸುತ್ತಾರೆ, ಮಾತಾಡೋಕೆ ಅದು ಸಾಕು. ರಾಮಾಯಣ ತೆರೆದರೆ ಮೊದಲನೇ ಕ್ರಿಯಾಪದವೇ ಲಿಟ್ ಲಕಾರ, ಅಂದರೆ ಹಳೇ ಕಥೆ ಹೇಳುವಾಗ ಬರುವ ಇನ್ನೊಂದು ಭೂತಕಾಲ. ಧಾತು ‘ಪ್ರಚ್ಛ್’, ಕೇಳು ಅಂತ ಅರ್ಥ. ನಮ್ಮ ‘ಪ್ರಶ್ನೆ’ ಅದರದ್ದೇ ಮಗು. ಲಿಟ್‌ನಲ್ಲಿ ಧಾತು ಎರಡು ಸಲ ಬರುತ್ತದೆ, ಮೊದಲ ತುಂಡಿನಲ್ಲಿ ‘ಪ’ ಮಾತ್ರ ಉಳಿಯುತ್ತದೆ. ಪ + ಪ್ರಚ್ಛ. ಹಿಂದೆ ‘ಪರಿ’ ಉಪಸರ್ಗ. ಅಂದರೆ ‘ಕೇಳಿದನು’. ಯಾರು? ತಪಸ್ವೀ ವಾಲ್ಮೀಕಿಃ. ಯಾರನ್ನು? ನಾರದಂ. ಆ ಶ್ಲೋಕದಲ್ಲಿ ‘ನಿರತಂ, ವರಂ, ಮುನಿಪುಂಗವಂ’ ಅಂತ ಏನೆಲ್ಲ ದ್ವಿತೀಯಾ ಇದೆಯೋ ಅಷ್ಟೂ ನಾರದರ ಬಾಲ ಹಿಡಿದುಕೊಂಡು ಬಂದಿದೆ. ಅತ್ತೆಯವರಿಗೆ ಇಷ್ಟು ಹೇಳಿ, ಮಾನ ವಾಪಸ್ ಬರುತ್ತದೆ.

ಇದಕ್ಕೆ ಧಾತುರೂಪನಂದಿನೀ ಅಂತ ಪುಸ್ತಕ ಇದೆ, ಲಕಾರಗಳ ರೂಪ ಸಾಲಾಗಿ ಕೊಟ್ಟಿದೆ. ಬಾಯಿಪಾಠ ಮಾಡೋಕೆ ಹೋಗಬೇಡಿ. ಚಕಾರ, ಜಗಾಮ, ದದರ್ಶ, ಬಭೂವ, ಉವಾಚ, ಈ ಐದು ಪರಿಚಯ ಆದರೆ ಪುರಾಣದ ಅರ್ಧ ಕ್ರಿಯಾಪದ ಗುರುತು ಸಿಗುತ್ತದೆ. ‘ಉವಾಚ’ ಹೇಗೂ ಗೀತೆಯಿಂದ ಗೊತ್ತು.

ಕೌಮುದೀಕಂಠ

ಮೇಲಿನ ಅಮ್ಮ ಹೇಳಿದ್ದರಲ್ಲಿ ಮುಕ್ಕಾಲು ಪಾಲು ಒಪ್ಪುತ್ತೇನೆ. ಆದರೆ ಕೌಮುದಿಯನ್ನು ಅಲ್ಮೇರಾಗೆ ಹಾಕಿ ಅಂದಿದ್ದು ಸ್ವಲ್ಪ ಹೊಟ್ಟೆ ಉರಿಸಿತು. ನಾನು ಎಂಟು ವರ್ಷ ಪಾಠಶಾಲೆಯಲ್ಲಿ ಓದಿದವನು.

ಲಘುಕೌಮುದಿ ಕಷ್ಟದ ಪುಸ್ತಕ ಅಲ್ಲ. ಅದು ಒಬ್ಬರೇ ಕೂತು ಓದುವ ಪುಸ್ತಕ ಅಲ್ಲ, ಅಷ್ಟೇ. ಭಟ್ಟೋಜಿ ದೀಕ್ಷಿತರು ಸಿದ್ಧಾಂತಕೌಮುದಿ ಬರೆದರು. ಪಾಣಿನಿಯ ಸುಮಾರು 4,000 ಸೂತ್ರಗಳನ್ನೂ ಸಂಧಿ, ಸುಬಂತ (ನಾಮಪದ), ತಿಙಂತ (ಕ್ರಿಯಾಪದ) ಅಂತ ವಿಷಯವಾರು ಜೋಡಿಸಿದರು. ಅವರ ಶಿಷ್ಯ ವರದರಾಜರು ಅದನ್ನೇ ಹುಡುಗರಿಗಾಗಿ ಮೂರರಲ್ಲಿ ಒಂದು ಪಾಲಿಗಿಂತ ಕಡಿಮೆ ಸೂತ್ರಕ್ಕೆ ಇಳಿಸಿದರು. ಆ ಹುಡುಗರು ಯಾರು? ಶಬ್ದರೂಪ ಬಾಯಿಗೆ ಬಂದವರು, ಅಮರಕೋಶ ಬಾಯಿಗೆ ಬಂದವರು, ಎದುರಿಗೆ ಗುರು ಇದ್ದವರು. ನಿಮಗೆ ಮೂರೂ ಇಲ್ಲ. ಕನ್ನಡ ಟೀಕೆಯೂ ಇಲ್ಲ. ಅದಕ್ಕೇ ಒದ್ದಾಟ.

ಎಲ್ಲಿ ಸಿಕ್ಕಿಕೊಳ್ಳುತ್ತಾರೆ ಅಂತ ಕರಾರುವಾಕ್ಕಾಗಿ ಹೇಳಬಲ್ಲೆ. ಅಚ್‌ಸಂಧಿಯ, ಅಂದರೆ ಸ್ವರಸಂಧಿಯ, ಮೊದಲನೇ ಉದಾಹರಣೆ. ಸುಧೀ + ಉಪಾಸ್ಯಃ. ಜ್ಞಾನಿಗಳು ಉಪಾಸನೆ ಮಾಡುವವನು ಅಂತ ಅರ್ಥ. ಸೂತ್ರ ‘ಇಕೋ ಯಣಚಿ’. ಮೂರೇ ಪದ. ಇಕಃ ಷಷ್ಠೀ, ಯಣ್ ಪ್ರಥಮಾ, ಅಚಿ ಸಪ್ತಮೀ. ಪಾಣಿನಿಯ ಲೆಕ್ಕದಲ್ಲಿ ಷಷ್ಠೀ ಅಂದರೆ ‘ಇದರ ಜಾಗದಲ್ಲಿ’, ಸಪ್ತಮೀ ಅಂದರೆ ‘ಇದು ಮುಂದೆ ಇದ್ದಾಗ’. ಹಾಗಾಗಿ ಇ, ಉ, ಋ, ಌ ಜಾಗದಲ್ಲಿ ಯ, ವ, ರ, ಲ ಬರುತ್ತದೆ, ಮುಂದೆ ಸ್ವರ ಇದ್ದರೆ. ಈ ಮೂರು ಪದವನ್ನು ಹೀಗೆ ಓದೋಕೆ ಬಂದವನಿಗೆ ಪಾಣಿನಿಯ ಅರ್ಧ ಬೀಗ ತೆಗೆದ ಹಾಗೆ. ಆನ್‌ಲೈನ್ ಮೇಷ್ಟ್ರು ಮೂರು ತಿಂಗಳು ಸಂಜ್ಞೆ ಹೇಳುವ ಬದಲು ಇದೊಂದನ್ನು ಹೇಳಿದ್ದರೆ ನೀವು ಓಡಿಹೋಗುತ್ತಿರಲಿಲ್ಲ. ಅವರೇ ಓಡಿಹೋದರು ಬಿಡಿ.

ಸರಿ, ಈಕಾರದ ಬದಲಿಗೆ ಯ್ ಬಂತು, ಸುಧ್ಯುಪಾಸ್ಯಃ ಆಯ್ತು. ಮುಗೀತು ಅಂದುಕೊಳ್ಳುತ್ತೀರಿ. ವರದರಾಜರು ಬಿಡುವುದಿಲ್ಲ. ‘ಅನಚಿ ಚ’ ಅಂತ ಸೂತ್ರ ಬರುತ್ತದೆ, ಧಕಾರಕ್ಕೆ ಬೇಕಾದರೆ ದ್ವಿತ್ವ. ಈಗ ಎರಡು ಧ್. ‘ಝಲಾಂ ಜಶ್ ಝಶಿ’ ಅಂತ ಬಂದು ಮೊದಲನೇ ಧ್ ದ್ ಆಗುತ್ತದೆ. ಆಮೇಲೆ ಸಂಯೋಗದ ಕೊನೆಯ ಯ್ ಹೋಗಬೇಕು ಅಂತ ಒಂದು ಸೂತ್ರ, ಅಯ್ಯೋ ಹೋಗಬಾರದು ಅಂತ ಒಂದು ವಾರ್ತಿಕ (ಸೂತ್ರಕ್ಕೆ ಆಮೇಲೆ ಸೇರಿಸಿದ ತಿದ್ದುಪಡಿ). ಕೊನೆಗೆ ಸುದ್ಧ್ಯುಪಾಸ್ಯಃ. ಒಂದು ಸಂಧಿಗೆ ಇಷ್ಟು ರಾಮಾಯಣ. ಹೊಸಬರು ಇಲ್ಲೇ ಪುಸ್ತಕ ಮುಚ್ಚುತ್ತಾರೆ. ಮುಚ್ಚಬೇಡಿ. ಮೊದಲ ಓದಿನಲ್ಲಿ ‘ಇಕೋ ಯಣಚಿ’ ತಗೊಂಡು ಮುಂದಿನ ಸೂತ್ರಕ್ಕೆ ಜಿಗಿಯಿರಿ. ಆ ದ್ವಿತ್ವದ ಗಲಾಟೆ ಎರಡನೇ ಓದಿಗೆ ಇರಲಿ. ನಮ್ಮ ಗುರುಗಳೇ ಹಾಗೆ ಹೇಳಿದ್ದರು, ಪರೀಕ್ಷೆಗೆ ಮಾತ್ರ ಪೂರ್ತಿ ಕೇಳುತ್ತಿದ್ದರು.

ನನ್ನ ಅಭಿಪ್ರಾಯ: ಅಮ್ಮ ಹೇಳಿದ ದಾರಿಯಲ್ಲಿ ಒಂದು ವರ್ಷ ಹೋಗಿ, ಆಮೇಲೆ ಯಾರಾದರೂ ವಿದ್ವಾಂಸರ ಹತ್ತಿರ ವಾರಕ್ಕೆ ಒಂದು ದಿನ ಲಘುಕೌಮುದಿ. ಬೆಂಗಳೂರು, ಮೈಸೂರಲ್ಲಿ ಸಂಸ್ಕೃತ ಕಾಲೇಜಿನಲ್ಲಿ ಓದಿ ಬಂದವರು ಎಷ್ಟೋ ಜನ ಇದ್ದಾರೆ, ಮನೆಗೆ ಹೋಗಿ ಕೇಳಿದರೆ ಇಲ್ಲ ಅನ್ನುವವರು ಕಡಿಮೆ.

ಸೂತ್ರಾನುವೃತ್ತಿ

ಕೌಮುದಿ ಯಾಕೆ ಬೇಕು ಅಂತ ನನಗೆ ಯಾವತ್ತೂ ಅರ್ಥ ಆಗಿಲ್ಲ. ನೇರ ಪಾಣಿನಿಯ ಮೂಲ ಪುಸ್ತಕ ಅಷ್ಟಾಧ್ಯಾಯಿ ಓದಿ ಸ್ವಾಮಿ.

‘ಆದ್ಗುಣಃ’ ಅಂತ ಸೂತ್ರ ಇದೆ. ಎರಡೇ ಪದ, ‘ಅಕಾರದಿಂದ ಮುಂದೆ, ಗುಣ’ (ಗುಣ ಅಂದರೆ ಅ, ಏ, ಓ). ಇದರಿಂದ ಏನು ಗೊತ್ತಾಗುತ್ತದೆ? ಏನೂ ಇಲ್ಲ. ಆದರೆ ಪಾಣಿನಿ ಇಟ್ಟ ಜಾಗದಲ್ಲಿ ಓದಿದರೆ ಮೇಲಿನ ‘ಇಕೋ ಯಣಚಿ’ಯಿಂದ ‘ಅಚಿ’ ಇಳಿದು ಬರುತ್ತದೆ, ‘ಏಕಃ ಪೂರ್ವಪರಯೋಃ’ ಅನ್ನುವ ಅಧಿಕಾರಸೂತ್ರದಿಂದ (ಮುಂದಿನ ಸೂತ್ರಗಳಿಗೆ ತಲೆಬರಹ ಇದ್ದ ಹಾಗೆ) ‘ಹಿಂದಿನದು ಮುಂದಿನದು ಎರಡಕ್ಕೂ ಸೇರಿ ಒಂದೇ’ ಅನ್ನುವುದು ಬರುತ್ತದೆ. ಅರ್ಥ ತಾನಾಗಿ ತುಂಬಿಕೊಳ್ಳುತ್ತದೆ. ಇದೇ ಅನುವೃತ್ತಿ. ಕೌಮುದಿಯವರು ಸೂತ್ರವನ್ನು ಅದರ ಮನೆಯಿಂದ ಕಿತ್ತು ಬೇರೆ ಕಡೆ ನೆಟ್ಟರು, ಅದಕ್ಕೇ ಪ್ರತಿ ಸೂತ್ರಕ್ಕೂ ವೃತ್ತಿಯನ್ನು (ವಿವರಣೆಯನ್ನು) ಬೇರೆಯಾಗಿ ಗಟ್ಟಿ ಹೊಡೆಯಬೇಕು. ಎರಡು ಪಟ್ಟು ಕೆಲಸ. ಸೂತ್ರಪಾಠ ಕ್ರಮವಾಗಿ ಬಾಯಿಗೆ ಬಂದರೆ ಸಾಕು, ಜೊತೆಗೆ ಅದರ ವ್ಯಾಖ್ಯಾನ ಕಾಶಿಕಾ ಇಟ್ಟುಕೊಳ್ಳಿ. ಅಷ್ಟಾಧ್ಯಾಯೀ ಡಾಟ್ ಕಾಮ್ ಅಂತ ಜಾಲತಾಣ ಇದೆ, ಪ್ರತಿ ಸೂತ್ರಕ್ಕೂ ವ್ಯಾಖ್ಯಾನ ಪುಕ್ಕಟೆ.

ಕೌಮುದೀಕಂಠ

ಈ ಜಗಳ ನಾವು ಮುಗಿಸುವಂಥದ್ದಲ್ಲ. ಒಂದೇ ಪ್ರಶ್ನೆ ಕೇಳುತ್ತೇನೆ. ನಿಮ್ಮ ಕ್ರಮದಲ್ಲಿ ‘ರಾಮಃ’ ಅನ್ನುವ ಪದ ಯಾವತ್ತು ಸಿದ್ಧಿ ಆಗುತ್ತದೆ? ರಾಮ ಪ್ರಾತಿಪದಿಕ (ವಿಭಕ್ತಿ ಸೇರದ ಮೂಲ ಶಬ್ದ) ಅನ್ನೋಕೆ ಮೊದಲನೇ ಅಧ್ಯಾಯ. ‘ಸು’ ಪ್ರತ್ಯಯ ತರೋಕೆ ನಾಲ್ಕನೇ ಅಧ್ಯಾಯ. ಆ ಸು-ವಿನ ಉಕಾರ ತೆಗೆಯೋಕೆ ಮತ್ತೆ ಒಂದನೇ ಅಧ್ಯಾಯ. ಸಕಾರವನ್ನು ರು ಮಾಡಿ ವಿಸರ್ಗ ಮಾಡೋಕೆ ಎಂಟನೇ ಅಧ್ಯಾಯ. ಒಂದು ರಾಮನಿಗೆ ಪುಸ್ತಕದ ಈ ತುದಿಯಿಂದ ಆ ತುದಿಗೆ ಓಡಬೇಕು. ಕೆಲಸಕ್ಕೆ ಹೋಗುವ 43ರ ಮನುಷ್ಯನಿಗೆ ಇದನ್ನು ಹೇಳುತ್ತೀರಾ?

ಸೂತ್ರಾನುವೃತ್ತಿ

ಓಡೋದೇ ಮಜಾ. ಆದರೆ ಒಪ್ಪಿದೆ, ಶುರುವಿಗೆ ಬೇಡ. ನಾನು ಸೂತ್ರಪಾಠ ಕಲಿತದ್ದು ಹದಿನೈದನೇ ವಯಸ್ಸಿನಲ್ಲಿ, ಆಗ ತಲೆಯಲ್ಲಿ ಜಾಗ ಇತ್ತು.

ಕರಿಹಲಗೆ

ನಾನು ಸರ್ಕಾರಿ ಪ್ರೌಢಶಾಲೆಯಲ್ಲಿ ಕನ್ನಡ ಮೇಷ್ಟ್ರು. ಸಂಸ್ಕೃತದ ಚರ್ಚೆಯಲ್ಲಿ ಮೂಗು ತೂರಿಸಿದ್ದಕ್ಕೆ ಕ್ಷಮಿಸಿ. ಆದರೆ ಪ್ರಶ್ನೆ ಕೇಳಿದವರು ತಮ್ಮ ಕೈಯಲ್ಲಿರುವ ಒಂದು ಪುಸ್ತಕವನ್ನು ಲೆಕ್ಕಕ್ಕೇ ತಗೊಂಡಿಲ್ಲ. ಹೈಸ್ಕೂಲಿನ ಕನ್ನಡ ವ್ಯಾಕರಣ.

ಒಂಬತ್ತನೇ, ಹತ್ತನೇ ತರಗತಿಯಲ್ಲಿ ಸಂಸ್ಕೃತ ಸಂಧಿ ಅಂತ ಏಳು ಹೇಳಿಕೊಡುತ್ತೇವೆ. ಸವರ್ಣದೀರ್ಘ, ಗುಣ, ವೃದ್ಧಿ, ಯಣ್, ಜಶ್ತ್ವ, ಶ್ಚುತ್ವ, ಅನುನಾಸಿಕ. ಮಕ್ಕಳು ‘ಜಶ್ತ್ವ’ ಅನ್ನೋಕೆ ನಾಲಿಗೆ ಹೊರಳದೆ ನಗುತ್ತಾರೆ, ನಾವೂ ನಗುತ್ತೇವೆ, ‘ಕ ಚ ಟ ತ ಪ ಜಾಗದಲ್ಲಿ ಗ ಜ ಡ ದ ಬ’ ಅಂತ ಬರೆಸಿ ಮುಂದೆ ಹೋಗುತ್ತೇವೆ. ಈ ಜಶ್ ಅಂದರೆ ಏನು? ನನಗೆ ಗೊತ್ತಾಗಿದ್ದು ಕೆಲಸಕ್ಕೆ ಸೇರಿ ಹನ್ನೊಂದು ವರ್ಷ ಆದ ಮೇಲೆ.

ಪಾಣಿನಿ ಹದಿನಾಲ್ಕು ಸೂತ್ರಗಳಲ್ಲಿ ಅಕ್ಷರಗಳನ್ನು ಹೊಸ ಕ್ರಮದಲ್ಲಿ ಜೋಡಿಸಿಕೊಂಡಿದ್ದಾನೆ. ಅ ಇ ಉ ಣ್, ಋ ಌ ಕ್, ಹೀಗೆ. ಪ್ರತಿ ಸೂತ್ರದ ಕೊನೆಗೆ ಒಂದು ವ್ಯಂಜನ, ಅದು ಲೆಕ್ಕಕ್ಕಿಲ್ಲ, ಬರೀ ಗೂಟ. ಯಾವುದಾದರೂ ಅಕ್ಷರದಿಂದ ಯಾವುದಾದರೂ ಗೂಟದವರೆಗೆ ಹಗ್ಗ ಕಟ್ಟಿದರೆ ಅದರೊಳಗೆ ಬಂದ ಅಕ್ಷರಗಳೆಲ್ಲ ಒಂದು ಗುಂಪು. ಹತ್ತನೇ ಸೂತ್ರ ‘ಜ ಬ ಗ ಡ ದ ಶ್’. ಜ ದಿಂದ ಶ್ ವರೆಗೆ, ಜಶ್. ಅಷ್ಟೇ! ಯಣ್ ಅಂದರೆ ‘ಹ ಯ ವ ರ ಟ್, ಲ ಣ್’ ಇದರಲ್ಲಿ ಯ ದಿಂದ ಣ್ ವರೆಗೆ, ಯ ವ ರ ಲ. ಅಚ್ ಅಂದರೆ ಅ ದಿಂದ ಚ್ ವರೆಗೆ, ಎಲ್ಲ ಸ್ವರ. ನಾವು ಜಶ್ತ್ವ ಸಂಧಿಗೆ ‘ಅಚ್ + ಅಂತ = ಅಜಂತ’ ಅಂತ ಉದಾಹರಣೆ ಕೊಡುತ್ತೇವಲ್ಲ, ಆ ಅಚ್ ಇದೇ. ಎಷ್ಟು ವರ್ಷ ಅಜಂತಾ ಗುಹೆ ಅಂದುಕೊಂಡಿದ್ದೆನೋ.

ಈಗ ನಿಮ್ಮ ಅತ್ತೆಯವರ ಮೊದಲನೇ ಶ್ಲೋಕ ನೋಡಿ. ‘ತಪಸ್ವೀ ವಾಗ್ವಿದಾಂ ವರಮ್’. ವಾಕ್ + ವಿದಾಂ, ಕಕಾರಕ್ಕೆ ಗಕಾರ. ಜಶ್ತ್ವ. ‘ಸ್ವಾಧ್ಯಾಯ’, ಸ್ವ + ಅಧ್ಯಾಯ, ಸವರ್ಣದೀರ್ಘ. ನಿಮಗೆ ಇವು ಗೊತ್ತಿವೆ, ಗೊತ್ತಿವೆ ಅಂತ ಗೊತ್ತಿಲ್ಲ. ಮಗುವಿನ ಹತ್ತಿರ ಹಳೇ ವ್ಯಾಕರಣ ಪುಸ್ತಕ ಇದ್ದರೆ ಕೇಳಿ ತಗೊಳ್ಳಿ. ಸಂಧಿ, ಸಮಾಸದ ಹೆಸರು, ವಿಭಕ್ತಿಯ ಹೆಸರು ಎಲ್ಲ ಅದರಲ್ಲೇ ಇದೆ. ಇದು ಸುಮ್ನೆ ಬಂದದ್ದಲ್ಲ, ನಮ್ಮ ವ್ಯಾಕರಣ ಬರೆದವರು ಮೊದಲಿಂದಲೂ ಸಂಸ್ಕೃತದ ಚೌಕಟ್ಟು ತಗೊಂಡವರು. ಭಟ್ಟಾಕಳಂಕ 1604ರಲ್ಲಿ ಕನ್ನಡಕ್ಕೆ ವ್ಯಾಕರಣ ಬರೆದದ್ದೇ ಸಂಸ್ಕೃತ ಸೂತ್ರಗಳಲ್ಲಿ. ಕನ್ನಡಕ್ಕೆ ಅದು ಒಳ್ಳೆಯದಾಯ್ತಾ ಕೆಟ್ಟದಾಯ್ತಾ ಅಂತ ನಮ್ಮ ಸ್ಟಾಫ್ ರೂಮಿನಲ್ಲಿ ದಿನಾ ಜಗಳ. ಆದರೆ ಸಂಸ್ಕೃತ ಕಲಿಯುವವರಿಗಂತೂ ಲಾಭ.

ಫಿಲ್ಟರ್ ಕಾಫಿ, ಫ್ರಾಂಕ್‌ಫರ್ಟ್

ವಿಟ್ನಿ ಬಗ್ಗೆ ಯಾರೂ ಏನೂ ಹೇಳಲಿಲ್ಲ, ನಾನು ಹೇಳುತ್ತೇನೆ. ಅದು 1879ರ ಪುಸ್ತಕ. ವೇದದಿಂದ ಹಿಡಿದು ಆಮೇಲಿನ ಗ್ರಂಥಗಳವರೆಗೆ ಯಾವ ರೂಪ ನಿಜವಾಗಿ ಬಳಕೆಯಲ್ಲಿತ್ತು ಅಂತ ಹುಡುಕಿ ಬರೆದಿದ್ದಾನೆ. ಪಾಣಿನಿಯ ದಾರಿಯೇ ಅಲ್ಲ. ಇಲ್ಲಿ ಯುರೋಪಿನಲ್ಲಿ ಕಲಿಯುವವರಿಗೆ ಅದು ಕೈಪಿಡಿ ಇದ್ದ ಹಾಗೆ, ನಾನೂ ಇಟ್ಟುಕೊಂಡಿದ್ದೇನೆ. ಆದರೆ ಅದು ಓದುವ ಪುಸ್ತಕ ಅಲ್ಲ, ತೆಗೆದು ನೋಡುವ ಪುಸ್ತಕ. ಹೆಸರುಗಳೇ ಬೇರೆ. ಅವನ ಪರ್ಫೆಕ್ಟ್ ಅಂದರೆ ನಮ್ಮ ಲಿಟ್, ಇಂಪರ್ಫೆಕ್ಟ್ ಅಂದರೆ ಲಙ್, ಏಓರಿಸ್ಟ್ ಅಂದರೆ ಲುಙ್. ಎರಡೂ ಪದ್ಧತಿ ಒಟ್ಟಿಗೆ ಹಿಡಿದರೆ ತಲೆ ಕೆಡುತ್ತದೆ, ನನ್ನದು ಕೆಟ್ಟಿತ್ತು.

ಇಂಗ್ಲಿಷಿನಲ್ಲೇ ಓದುತ್ತೀರಿ ಅಂದರೆ ಕಾಳೆಯವರ ಹೈಯರ್ ಸಂಸ್ಕೃತ ಗ್ರಾಮರ್ ನಮ್ಮವರಿಗೆ ಒಗ್ಗುತ್ತದೆ. ಒಳಗೆ ಪಾಣಿನಿ, ಮೇಲೆ ಇಂಗ್ಲಿಷ್ ಅಂಗಿ. ವಾಕ್ಯ ಮಾಡೋಕೆ ಭಂಡಾರ್ಕರ್ ಅವರ ಫಸ್ಟ್ ಬುಕ್. ಹಳೇದು, ಒಣಕಲು, ಆದರೆ ಪ್ರತಿ ಪಾಠದ ಕೊನೆಗೆ ಅಭ್ಯಾಸ ಇದೆ, ಅದನ್ನು ಪೆನ್ಸಿಲ್ ಹಿಡಿದು ಮಾಡಿದವರು ಯಾರೂ ಕೆಟ್ಟಿಲ್ಲ. ಎರಡೂ ಹಕ್ಕುಸ್ವಾಮ್ಯ ಮುಗಿದವು, ಅಂತರ್ಜಾಲದಲ್ಲಿ ಪುಕ್ಕಟೆ.

ಬನಶಂಕರಿ ಬಸ್

ಇಷ್ಟೊಂದು ಉತ್ತರ ಬರುತ್ತದೆ ಅಂದುಕೊಂಡಿರಲಿಲ್ಲ. ಎಲ್ಲರಿಗೂ ಥ್ಯಾಂಕ್ಸ್. ಕರಿಹಲಗೆ ಮೇಷ್ಟ್ರೇ, ಮಗಳ ಪುಸ್ತಕ ಕೇಳಿದೆ, “ಅಪ್ಪಾ ನಿಂಗೆ ಯಾಕೆ ಜಶ್ತ್ವ ಸಂಧಿ?” ಅಂತ ಅನುಮಾನದಿಂದ ನೋಡಿ ಕೊಟ್ಟಳು. (ಇದು ಕನ್ನಡದ ಅನುಮಾನ.)

ಗಿರಿನಗರಕ್ಕೆ ಶನಿವಾರ ಹೋಗುತ್ತೇನೆ. ಲಿಪಿ ವಿಷಯ ಯಾರೂ ಹೇಳಲಿಲ್ಲ. ಇನ್ನೊಂದು, ಅತ್ತೆ ಒಂದು ಮಾತು ಎಸೆದಿದ್ದಾರೆ. “ಕೊನೆಗಾಲದಲ್ಲಿ ಡುಕೃಞ್ ಕರಣೇ ಕಾಪಾಡುವುದಿಲ್ಲ ಅಂತ ಭಜಗೋವಿಂದದಲ್ಲೇ ಇದೆಯಲ್ಲಪ್ಪ, ನೀವು ಯಾ‌ಕೆ ಅದರ ಹಿಂದೆ ಬಿದ್ದಿರಿ” ಅಂತ. ಏನು ಹೇಳಲಿ?

ಕೌಮುದೀಕಂಠ

ಹ್ಹಹ್ಹ. ಪ್ರತಿ ವ್ಯಾಕರಣ ವಿದ್ಯಾರ್ಥಿಗೂ ಯಾರಾದರೂ ಒಬ್ಬರು ಇದನ್ನು ಹೇಳೇ ಹೇಳುತ್ತಾರೆ. ಅತ್ತೆಯವರಿಗೆ ಹೀಗೆ ಹೇಳಿ. ಡುಕೃಞ್ ಅನ್ನುವುದು ಧಾತುಪಾಠದಲ್ಲಿ ‘ಮಾಡು’ ಅನ್ನುವ ಧಾತು. ನಿಜವಾದ ಧಾತು ‘ಕೃ’ ಮಾತ್ರ, ಹಿಂದಿನ ಡು, ಮುಂದಿನ ಞ್ ಎರಡೂ ಚೀಟಿ ಅಂಟಿಸಿದ ಹಾಗೆ. ಞ್ ಚೀಟಿ ಇದೆ ಅಂದರೆ ಪರಸ್ಮೈಪದ, ಆತ್ಮನೇಪದ ಎರಡೂ ಬಗೆಯ ರೂಪ ಬರುತ್ತವೆ, ಕರೋತಿ ಅಂತಲೂ ಕುರುತೇ ಅಂತಲೂ. ಡು ಚೀಟಿ ಇದ್ದ ಧಾತುಗಳಿಗೆ ಮಾತ್ರ ‘ಕ್ತ್ರಿ’ ಅನ್ನುವ ಪ್ರತ್ಯಯ ಹತ್ತುತ್ತದೆ, ಅದಕ್ಕೆ ‘ಮ’ ಸೇರಿ ‘ಕೃತ್ರಿಮ’ ಆಗುತ್ತದೆ. ಕೃತ್ರಿಮ ಬುದ್ಧಿಮತ್ತೆ ಅಂತ ಈಗ ಪೇಪರಿನಲ್ಲಿ ದಿನಾ ಬರುತ್ತದಲ್ಲ, ಆ ಪದ ಹುಟ್ಟಿದ್ದು ಆ ಡು-ವಿನಿಂದ. ಕೊನೆಗಾಲಕ್ಕೆ ಇದು ಕಾಪಾಡುತ್ತದೋ ಇಲ್ಲವೋ, ಬೆಳಗಿನ ಕಾಫಿಗೆ ಮಾತಾಡೋಕಂತೂ ಆಗುತ್ತದೆ.

ತುಂಗಾತೀರ

ಲಿಪಿ: ಮೊದಲ ಆರು ತಿಂಗಳು ಕನ್ನಡ ಲಿಪಿ ಧಾರಾಳ ಸಾಕು, ಒಂದು ಅಕ್ಷರವೂ ಕಡಿಮೆ ಬೀಳುವುದಿಲ್ಲ. ಆದರೆ ಆಮೇಲೆ ನಿಘಂಟು, ಕಾಶಿಕಾ, ಕೌಮುದಿಯ ಟೀಕೆ, ಒಳ್ಳೆಯ ಮುದ್ರಣ ಎಲ್ಲ ದೇವನಾಗರಿಯಲ್ಲೇ ಇರುವುದು. ದಿನಾ ಅರ್ಧ ಗಂಟೆ ಕೂತರೆ ಎರಡು ವಾರದ ಕೆಲಸ. ಹಿಂದಿ ಬೋರ್ಡು ಓದೋಕೆ ಬರುತ್ತದೆ ಅಲ್ವಾ, ಒತ್ತಕ್ಷರ ಒಂದು ಅಭ್ಯಾಸ ಮಾಡಿಕೊಳ್ಳಿ. ನಮ್ಮಲ್ಲಿ ಒತ್ತು ಕೆಳಗೆ ಹೋಗುತ್ತದೆ, ಅಲ್ಲಿ ಮೊದಲಿನ ಅಕ್ಷರ ಅರ್ಧ ಆಗುತ್ತದೆ. ‘ಸುದ್ಧ್ಯುಪಾಸ್ಯಃ’ವನ್ನು ದೇವನಾಗರಿಯಲ್ಲಿ ಬರೆಯೋಕೆ ಬಂದರೆ ಪಾಸ್ ಅಂದುಕೊಳ್ಳಿ.

ಬನಶಂಕರಿ ಬಸ್ (ಏಳು ವಾರದ ನಂತರ)

ಸುಮ್ಮನೆ ವರದಿ ಒಪ್ಪಿಸೋಕೆ ಬಂದೆ. ಶಿಬಿರ ಆಯಿತು, ಪ್ರವೇಶದ ಪುಸ್ತಕ ನಾಲ್ಕನೇ ಪಾಠದಲ್ಲಿದೆ. ದ್ವಿವಚನದಲ್ಲಿ ಇನ್ನೂ ಎಡವುತ್ತೇನೆ. ಶಿಬಿರದಲ್ಲಿ ‘ಮಮ ನೇತ್ರಂ ಪಶ್ಯತಿ’ ಅಂದೆ, ಪಕ್ಕದಲ್ಲಿದ್ದ ಏಳನೇ ಕ್ಲಾಸಿನ ಹುಡುಗ “ಅಂಕಲ್, ಇನ್ನೊಂದಕ್ಕೆ ಏನಾಯ್ತು?” ಅಂತ ಕೇಳಿದ.

ನಿನ್ನೆ ಬೆಳಿಗ್ಗೆ ಅತ್ತೆ ಎರಡನೇ ಶ್ಲೋಕಕ್ಕೆ ಬಂದರು. ‘ಕೋ ನ್ವಸ್ಮಿನ್ ಸಾಂಪ್ರತಂ ಲೋಕೇ’. ನ್ವಸ್ಮಿನ್ ಅಂತ ಪದ ಇರೋಕೆ ಸಾಧ್ಯ ಇಲ್ಲ ಅನ್ನಿಸಿತು. ವ್ ಎಲ್ಲಿಂದ ಬಂತು, ಯಣ್ ಆದರೆ ಹಿಂದೆ ಉ ಇರಬೇಕು, ಹಾಗಾದರೆ ನು + ಅಸ್ಮಿನ್. ಇಕೋ ಯಣಚಿ! ಯಾವ ಪುಸ್ತಕವನ್ನೂ ತೆರೆಯಲಿಲ್ಲ. ಅತ್ತೆಗೆ ಹೇಳಿದೆ, ‘ಈಗ ಈ ಲೋಕದಲ್ಲಿ ಯಾರಪ್ಪ ಇದ್ದಾನೆ ಗುಣವಂತ’ ಅಂತ ವಾಲ್ಮೀಕಿ ಕೇಳುತ್ತಿದ್ದಾರೆ ಅಂತ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಅದು ಸರಿ, ಕಃ ಅನ್ನುವುದು ಕೋ ಹೇಗಾಯ್ತು?” ಅಂದರು.

ಮೇಷ್ಟ್ರೇ, ಹೇಗಾಯ್ತು?

ಕರಿಹಲಗೆ

ಮನಃ + ಹರ ಏನಾಗುತ್ತದೆ?

ಬನಶಂಕರಿ ಬಸ್

ಮನೋಹರ. ಅಯ್ಯೋ. ಇರಿ, ಅತ್ತೆ ಪೂಜೆಯಲ್ಲಿದ್ದಾರೆ, ಮುಗಿಯಲಿ.